ದಾಲ್ಚಿನ್ನಿ ಬ್ರೆಡ್ಡಿನ ಭೌತವಿಜ್ಞಾನ

ಹಲಸಿನ ಹಣ್ಣನ್ನು ಕೊಯ್ದ ಮೇಲೆ ಅದರ ತೊಳೆಗಳನ್ನು ಕೈಯಿಂದಲೇ ಬಿಡಿಸಿಕೊಳ್ಳುತ್ತೇವೆ. ಒಂದು ತೊಳೆ ಕಿತ್ತರೆ ಪಕ್ಕದ ತೊಳೆ ಹರಿಯುವುದಿಲ್ಲ. ಹೊರಗಿನಿಂದ ಹಣ್ಣು ಒಂದೇ, ಒಳಗೆ ಹಲವು. ಬ್ರೆಡ್ಡನ್ನೂ ಹೀಗೆ ಮಾಡಬಹುದೇ?

ಮಾಡಬಹುದು. ಹಂಗೇರಿಯಲ್ಲಿ ಇಂಥದೊಂದು ಸಿಹಿ ಬ್ರೆಡ್ ಬಹುಕಾಲದಿಂದ ಬಳಕೆಯಲ್ಲಿದೆ. ಅದರ ಹೆಸರು ಅರಾನಿಗಲುಷ್ಕ, ಅಂದರೆ ‘ಚಿನ್ನದ ಉಂಡೆ’. ಯೀಸ್ಟ್ ಹಾಕಿ ನಾದಿದ ಕಣಕವನ್ನು ಪುಟ್ಟ ಉಂಡೆಗಳಾಗಿ ಮಾಡಿ, ಕರಗಿದ ಬೆಣ್ಣೆಯಲ್ಲಿ ಅದ್ದಿ, ಸಕ್ಕರೆ ಮತ್ತು ಆಕ್ರೋಟಿನ ಪುಡಿಯಲ್ಲಿ ಹೊರಳಿಸಿ, ಒಂದರ ಮೇಲೊಂದು ಪೇರಿಸಿ ಬೇಯಿಸುತ್ತಾರೆ. ವಲಸೆ ಹೋದ ಹಂಗೇರಿಯ ಯಹೂದಿ ಕುಟುಂಬಗಳೊಂದಿಗೆ ಇದು ಅಮೆರಿಕಕ್ಕೆ ಹೋಯಿತು. ಅಲ್ಲಿ ದಾಲ್ಚಿನ್ನಿ (ಚಕ್ಕೆ) ಮುಖ್ಯವಾಯಿತು. ‘ಮಂಕಿ ಬ್ರೆಡ್’ ಎಂಬ ಹೆಸರೂ ಬಿತ್ತು. 1980ರ ದಶಕದಲ್ಲಿ ಅಧ್ಯಕ್ಷ ರೇಗನ್ ಅವರ ಪತ್ನಿ ನ್ಯಾನ್ಸಿ ರೇಗನ್ ಶ್ವೇತಭವನದ ಕ್ರಿಸ್‌ಮಸ್ ಊಟಕ್ಕೆ ಮಂಕಿ ಬ್ರೆಡ್ ಮಾಡಿಸುತ್ತಿದ್ದರು. ಚಾಕುವಿನ ಅಗತ್ಯವಿಲ್ಲ, ಕೈಯಿಂದ ಬಿಡಿಸಿ ತಿನ್ನುವುದೇ ಇದರ ವಿಶೇಷ.

ಭೌತವಿಜ್ಞಾನದ ಅಧ್ಯಾಪಕನಾದ ನಾನು ಈ ಬ್ರೆಡ್ಡಿನ ಗೋಜಿಗೆ ಹೋಗಲು ಒಂದು ಪ್ರಶ್ನೆ ಕಾರಣ. ಶಿಕ್ಷಕರ ಶಿಬಿರವೊಂದರಲ್ಲಿ ಚಾರ್ಲ್ಸ್ ನಿಯಮವನ್ನು ವಿವರಿಸುತ್ತಾ, “ಬಿಸಿಯಾದ ಅನಿಲ ಹಿಗ್ಗುತ್ತದೆ. ಓವನ್ನಿನಲ್ಲಿ ಬ್ರೆಡ್ ಉಬ್ಬುವುದು ಇದರಿಂದಲೇ” ಎಂದೆ. ಇಪ್ಪತ್ತೈದು ವರ್ಷಗಳಿಂದ ಹೇಳಿಕೊಂಡು ಬಂದ ಮಾತು ಅದು. ಶಿಕ್ಷಕಿಯೊಬ್ಬರು ಎದ್ದು, “ಸರ್, ಎಷ್ಟು ಉಬ್ಬುತ್ತದೆ? ನಿಯಮದ ಲೆಕ್ಕ ಅದಕ್ಕೆ ಹೊಂದುತ್ತದೆಯೇ?” ಎಂದು ಕೇಳಿದರು. ನನ್ನ ಬಳಿ ಉತ್ತರವಿರಲಿಲ್ಲ. ನಾನು ಲೆಕ್ಕ ಹಾಕಿರಲೂ ಇಲ್ಲ, ಬ್ರೆಡ್ ಅಳೆದಿರಲೂ ಇಲ್ಲ. ಮನೆಗೆ ಬಂದು ಎರಡನ್ನೂ ಮಾಡಿದೆ. ಅದರ ಫಲ ಈ ಲೇಖನ.

ಸಾಮಗ್ರಿ ಮತ್ತು ಕ್ರಮ

ಮೊದಲು ಮಾಡುವ ವಿಧಾನ. ಮುಂದಿನ ಲೆಕ್ಕಗಳೆಲ್ಲ ಈ ಅಳತೆಗಳನ್ನೇ ಆಧರಿಸಿವೆ.

ಕಣಕಕ್ಕೆ: ಮೈದಾ 400 ಗ್ರಾಂ, ಕಾಯಿಸಿ ಆರಿಸಿದ ಉಗುರು ಬೆಚ್ಚಗಿನ ಹಾಲು 260 ಮಿಲಿಲೀಟರ್, ಸಕ್ಕರೆ 50 ಗ್ರಾಂ, ಮೆತ್ತಗಿನ ಬೆಣ್ಣೆ 50 ಗ್ರಾಂ, ಉಪ್ಪು 6 ಗ್ರಾಂ, ಇನ್‌ಸ್ಟಂಟ್ ಯೀಸ್ಟ್ 6 ಗ್ರಾಂ.

ಹೊದಿಕೆಗೆ: ಕರಗಿಸಿದ ಬೆಣ್ಣೆ 75 ಗ್ರಾಂ, ಕಂದು ಸಕ್ಕರೆ ಅಥವಾ ಪುಡಿ ಬೆಲ್ಲ 100 ಗ್ರಾಂ, ದಾಲ್ಚಿನ್ನಿ ಪುಡಿ 10 ಗ್ರಾಂ.

ಬೆಣ್ಣೆಯನ್ನು ಬಿಟ್ಟು ಉಳಿದದ್ದನ್ನು ಕಲಸಿ ಹತ್ತು ನಿಮಿಷ ನಾದಿ. ಅನಂತರ ಬೆಣ್ಣೆ ಸೇರಿಸಿ ಮತ್ತೆ ಐದು ನಿಮಿಷ ನಾದಿ. ಕಣಕದ ಚಿಕ್ಕ ತುಂಡನ್ನು ಬೆರಳುಗಳಿಂದ ಎಳೆದಾಗ ಹರಿಯದೆ ತೆಳು ಪರದೆಯಂತಾಗಬೇಕು. ಮುಚ್ಚಿಟ್ಟು, ಗಾತ್ರ ಎರಡರಷ್ಟಾಗುವವರೆಗೆ ಬಿಡಿ. ಬೆಂಗಳೂರಿನ ಹವೆಯಲ್ಲಿ ಒಂದೂವರೆ ಗಂಟೆ ಹಿಡಿಯಬಹುದು. ಬಳಿಕ ಮೆಲ್ಲಗೆ ಒತ್ತಿ ಗಾಳಿ ತೆಗೆದು, ಸುಮಾರು 20 ಗ್ರಾಮಿನ ಉಂಡೆಗಳನ್ನು ಮಾಡಿ. ಒಟ್ಟು 780 ಗ್ರಾಂ ಕಣಕದಿಂದ 39 ಉಂಡೆಗಳಾಗುತ್ತವೆ. ಒಂದೊಂದನ್ನೂ ಬೆಣ್ಣೆಯಲ್ಲಿ ಅದ್ದಿ, ಸಕ್ಕರೆ-ದಾಲ್ಚಿನ್ನಿ ಮಿಶ್ರಣದಲ್ಲಿ ಹೊರಳಿಸಿ, ನಡುವೆ ಕೊಳವೆಯಿರುವ 20 ಸೆಂಟಿಮೀಟರ್ ಅಗಲದ ಕೇಕ್ ಪಾತ್ರೆಯಲ್ಲಿ ಜೋಡಿಸಿ. ಮತ್ತೆ ಮುಕ್ಕಾಲು ಗಂಟೆ ಉಬ್ಬಲು ಬಿಟ್ಟು, ಮೊದಲೇ ಕಾಯಿಸಿದ ಓವನ್ನಿನಲ್ಲಿ 175 ಡಿಗ್ರಿ ಸೆಲ್ಸಿಯಸ್‌ನಲ್ಲಿ 35ರಿಂದ 40 ನಿಮಿಷ ಬೇಯಿಸಿ.

ಯೀಸ್ಟಿಗೆ ಎಷ್ಟು ಸಕ್ಕರೆ ಬೇಕು?

“ಯೀಸ್ಟಿಗೆ ಸಕ್ಕರೆಯೇ ಆಹಾರ. ಆದ್ದರಿಂದ ಹೆಚ್ಚು ಸಕ್ಕರೆ ಹಾಕಿದರೆ ಹೆಚ್ಚು ಉಬ್ಬುತ್ತದೆ” ಎಂಬ ನಂಬಿಕೆ ಅಡುಗೆಮನೆಯಲ್ಲಿಯೂ ಉಂಟು, ತರಗತಿಯಲ್ಲಿಯೂ ಉಂಟು. ಎಷ್ಟು ಎಂದು ಕೇಳಿ ನೋಡೋಣ.

ಹುದುಗುವಿಕೆಯಲ್ಲಿ ಒಂದು ಗ್ಲೂಕೋಸ್ ಅಣು ಒಡೆದು ಎರಡು ಎಥನಾಲ್ ಅಣುಗಳೂ ಎರಡು ಇಂಗಾಲದ ಡೈಆಕ್ಸೈಡ್ ಅಣುಗಳೂ ಆಗುತ್ತವೆ. ಎಂದರೆ 180 ಗ್ರಾಂ ಗ್ಲೂಕೋಸಿನಿಂದ 2 ಮೋಲ್ ಅನಿಲ. ಬೆಂಗಳೂರು ಸಮುದ್ರ ಮಟ್ಟದಿಂದ ಸುಮಾರು 900 ಮೀಟರ್ ಎತ್ತರದಲ್ಲಿದೆ. ಇಲ್ಲಿಯ ವಾಯುಭಾರ ಸುಮಾರು 91 ಕಿಲೋಪಾಸ್ಕಲ್. 27 ಡಿಗ್ರಿಯಲ್ಲಿ ಒಂದು ಮೋಲ್ ಅನಿಲ ಇಲ್ಲಿ 27.4 ಲೀಟರ್ ಜಾಗ ಹಿಡಿಯುತ್ತದೆ. ಆದ್ದರಿಂದ ಒಂದು ಗ್ರಾಂ ಗ್ಲೂಕೋಸಿನಿಂದ ಸಿಗುವ ಅನಿಲ ಸುಮಾರು 300 ಮಿಲಿಲೀಟರ್.

ನಮ್ಮ 780 ಗ್ರಾಂ ಕಣಕದ ಸಾಂದ್ರತೆ 1.15 ಎಂದಿಟ್ಟುಕೊಂಡರೆ ಅದರ ಗಾತ್ರ 680 ಮಿಲಿಲೀಟರ್. ಎರಡರಷ್ಟಾಗಲು ಇನ್ನೂ 680 ಮಿಲಿಲೀಟರ್ ಅನಿಲ ಬೇಕು. ಅದಕ್ಕೆ ಬೇಕಾದ ಗ್ಲೂಕೋಸ್ ಸುಮಾರು 2.2 ಗ್ರಾಂ, ಅಂದರೆ ಅರ್ಧ ಟೀ ಚಮಚ! ಎರಡು ಸಲ ಉಬ್ಬಿಸಿದರೂ, ಸೋರಿಹೋಗುವ ಅನಿಲವನ್ನು ಲೆಕ್ಕಕ್ಕೆ ಹಿಡಿದರೂ ಹತ್ತು ಗ್ರಾಂ ಧಾರಾಳವಾಯಿತು. ಹಿಟ್ಟಿನಲ್ಲಿರುವ ಕಿಣ್ವಗಳು ಪಿಷ್ಟವನ್ನು ಒಡೆದು ಒಂದಿಷ್ಟು ಸಕ್ಕರೆಯನ್ನು ತಾವೇ ಒದಗಿಸುತ್ತವೆ. ಉಳಿದ ನಲವತ್ತು ಗ್ರಾಂ ನಮ್ಮ ನಾಲಿಗೆಗಾಗಿ.

ಆ ನಲವತ್ತು ಗ್ರಾಂ ಯೀಸ್ಟಿಗೆ ಉಪಕಾರ ಮಾಡುವ ಬದಲು ಅಪಕಾರವನ್ನೇ ಮಾಡುತ್ತದೆ. ಕಣಕದಲ್ಲಿರುವ ಹಾಲಿನ ನೀರು ಸುಮಾರು 225 ಗ್ರಾಂ. ಅದರಲ್ಲಿ 50 ಗ್ರಾಂ ಸಕ್ಕರೆ, 6 ಗ್ರಾಂ ಉಪ್ಪು ಕರಗಿವೆ. ಆದರ್ಶ ದ್ರಾವಣದ ಸೂತ್ರದಿಂದ ಅಭಿಸರಣ ಒತ್ತಡವನ್ನು ಲೆಕ್ಕ ಹಾಕಿದರೆ ಉಪ್ಪಿನಿಂದ ಸುಮಾರು 22, ಸಕ್ಕರೆಯಿಂದ ಸುಮಾರು 16, ಒಟ್ಟು 38 ವಾತಾವರಣಗಳಷ್ಟು ಬರುತ್ತದೆ. ಇದು ಅಂದಾಜು ಮಾತ್ರ. ಸ್ವಲ್ಪ ನೀರು ಹಿಟ್ಟಿನಲ್ಲಿ ಬಂಧಿತವಾಗಿರುವುದರಿಂದ ನಿಜವಾದ ಬೆಲೆ ಇನ್ನೂ ಹೆಚ್ಚಿರಬಹುದು. ಉಪ್ಪಿನಕಾಯಿಯ ಮಾವಿನ ಹೋಳಿನಿಂದ ನೀರು ಹೊರಬರುವಂತೆ ಯೀಸ್ಟ್ ಕೋಶದಿಂದಲೂ ನೀರು ಹೊರಗೆ ಸೆಳೆಯಲ್ಪಡುತ್ತದೆ. ಕೋಶ ತನ್ನೊಳಗೆ ಗ್ಲಿಸರಾಲ್ ತಯಾರಿಸಿಕೊಂಡು ಸಮತೋಲ ಸಾಧಿಸಬೇಕು. ಅದಕ್ಕೆ ಸಮಯವೂ ಶಕ್ತಿಯೂ ಬೇಕು. ಸಿಹಿ ಕಣಕ ನಿಧಾನವಾಗಿ ಉಬ್ಬುವುದು ಇದರಿಂದ.

ದಾಲ್ಚಿನ್ನಿ ಹೊರಗೇ ಏಕೆ?

ನನ್ನ ಮೊದಲ ಬ್ರೆಡ್ ಕೆಟ್ಟಿತು. ದಾಲ್ಚಿನ್ನಿ ಪುಡಿಯನ್ನು ಹೇಗೂ ಒಳಗೆ ಹೋಗುವ ವಸ್ತು ತಾನೇ ಎಂದು ಕಣಕಕ್ಕೇ ಸೇರಿಸಿ ನಾದಿದ್ದೆ. ಎರಡು ಗಂಟೆ ಕಳೆದರೂ ಅದು ಅರೆಬರೆ ಉಬ್ಬಿತ್ತು.

ದಾಲ್ಚಿನ್ನಿಯ ಪರಿಮಳಕ್ಕೆ ಮುಖ್ಯ ಕಾರಣ ಸಿನ್ನಮಾಲ್ಡಿಹೈಡ್ ಎಂಬ ಸಂಯುಕ್ತ. 1834ರಲ್ಲಿ ಫ್ರಾನ್ಸಿನ ರಸಾಯನವಿಜ್ಞಾನಿಗಳಾದ ಡ್ಯೂಮಾ ಮತ್ತು ಪೆಲಿಗೊ ಇದನ್ನು ದಾಲ್ಚಿನ್ನಿಯ ಎಣ್ಣೆಯಿಂದ ಬೇರ್ಪಡಿಸಿದರು. ಮರ ತನ್ನ ತೊಗಟೆಯಲ್ಲಿ ಇಟ್ಟುಕೊಂಡಿರುವ ಈ ವಸ್ತು ಶಿಲೀಂಧ್ರಗಳ ಬೆಳವಣಿಗೆಯನ್ನು ತಡೆಯುತ್ತದೆ. ಯೀಸ್ಟ್ ಕೂಡ ಒಂದು ಶಿಲೀಂಧ್ರವೇ ಅಲ್ಲವೇ? ನಾವು ಅದನ್ನು ಸಾಕುತ್ತಿದ್ದೇವೆ ಎಂಬುದು ದಾಲ್ಚಿನ್ನಿಗೆ ತಿಳಿಯದು!

ಹಂಗೇರಿಯ, ಅಮೆರಿಕದ ಗೃಹಿಣಿಯರು ದಾಲ್ಚಿನ್ನಿಯನ್ನು ಹೊದಿಕೆಯಲ್ಲಿ ಇಟ್ಟದ್ದು ರುಚಿಗಾಗಿಯೇ ಇರಬಹುದು. ಆದರೆ ಅದರಿಂದ ಯೀಸ್ಟಿಗೂ ರಕ್ಷಣೆ ದೊರೆಯಿತು. ಕಣಕಕ್ಕೂ ದಾಲ್ಚಿನ್ನಿಗೂ ನಡುವೆ ಬೆಣ್ಣೆಯ ಪದರವಿದೆ. ಇಡೀ ಉಂಡೆಯೊಳಗೆ ಹರಡಲು ಪರಿಮಳದ ಅಣುಗಳಿಗೆ ಸಮಯವಿಲ್ಲ. ಅದೇ ಪದಾರ್ಥ, ಅದೇ ಪ್ರಮಾಣ. ಇಟ್ಟ ಜಾಗ ಮಾತ್ರ ಬೇರೆ.

ಉಂಡೆಗಳು ಬೇರೆಯಾಗಿ ಉಳಿಯುವುದು ಹೇಗೆ?

ಮೈದಾ ಹಿಟ್ಟನ್ನು ನೀರಿನಲ್ಲಿ ನಾದಿದಾಗ ಅದರ ಪ್ರೋಟೀನುಗಳು ಒಂದಕ್ಕೊಂದು ಬೆಸೆದು ಗ್ಲುಟೆನ್ ಎಂಬ ಎಳೆಯುವ ಜಾಲವಾಗುತ್ತದೆ. 1728ರಲ್ಲಿ ಇಟಲಿಯ ಬೊಲೋನ್ಯದಲ್ಲಿ ಬೆಕ್ಕಾರಿ ಎಂಬ ವಿಜ್ಞಾನಿ ಕಣಕವನ್ನು ನೀರಿನಲ್ಲಿ ತೊಳೆದು, ಪಿಷ್ಟವನ್ನು ಕಳೆದು, ಈ ಅಂಟು ವಸ್ತುವನ್ನು ಬೇರ್ಪಡಿಸಿ ತೋರಿಸಿದ. ಇದನ್ನು ನೀವೂ ಹತ್ತೇ ನಿಮಿಷದಲ್ಲಿ ತರಗತಿಯಲ್ಲಿ ಮಾಡಿ ತೋರಿಸಬಹುದು.

ಎರಡು ಒದ್ದೆ ಉಂಡೆಗಳನ್ನು ತಾಗಿಸಿಟ್ಟರೆ ಒಂದರ ಗ್ಲುಟೆನ್ ಇನ್ನೊಂದರ ಗ್ಲುಟೆನ್ನಿನೊಂದಿಗೆ ಬೆಸೆಯುತ್ತದೆ, ಬೇಯುವಾಗ ಪಿಷ್ಟವೂ ಸೇರಿ ಗಟ್ಟಿಯಾಗುತ್ತದೆ. ಬೇಕರಿಯ ಬನ್ನುಗಳನ್ನು ಪಕ್ಕ ಪಕ್ಕ ಇಟ್ಟು ಸುಟ್ಟಾಗ ಅವು ಅಂಟಿಕೊಂಡಿರುವುದನ್ನು ನೋಡಿದ್ದೀರಿ. ಬಿಡಿಸಿದರೆ ಬದಿಯಲ್ಲಿ ನಾರು ನಾರಾಗಿ ಹರಿಯುತ್ತದೆ. ನಡುವೆ ಬೆಣ್ಣೆ ಬಂದರೆ ಈ ಬೆಸುಗೆಗೆ ಅವಕಾಶವಿಲ್ಲ. ಕೊಬ್ಬಿನ ಅಣುಗಳು ನೀರಿನೊಂದಿಗೂ ಪ್ರೋಟೀನಿನೊಂದಿಗೂ ಹೈಡ್ರೊಜನ್ ಬಂಧ ಏರ್ಪಡಿಸಿಕೊಳ್ಳುವುದಿಲ್ಲ. ನಮ್ಮ ಚಿರೋಟಿಯ ಪದರಗಳು ಬಿಡಿಬಿಡಿಯಾಗಿ ನಿಲ್ಲುವುದೂ ಇದೇ ತತ್ತ್ವದಿಂದ: ಹಾಳೆ ಹಾಳೆಯ ನಡುವೆ ತುಪ್ಪ ಮತ್ತು ಅಕ್ಕಿಹಿಟ್ಟಿನ ಸಾಟಿ ಸವರುತ್ತೇವೆ.

ಬೆಣ್ಣೆ ಸಾಕಾಗುತ್ತದೆಯೇ? ಇಲ್ಲಿಯೂ ಲೆಕ್ಕ ಹಾಕಬಹುದು. 20 ಗ್ರಾಮಿನ ಉಂಡೆಯ ವ್ಯಾಸ 3.2 ಸೆಂಟಿಮೀಟರ್, ಮೇಲ್ಮೈ ಸುಮಾರು 32 ಚದರ ಸೆಂಟಿಮೀಟರ್. 39 ಉಂಡೆಗಳಿಗೆ ಸುಮಾರು 1,260 ಚದರ ಸೆಂಟಿಮೀಟರ್. ಇಡೀ ಕಣಕ ಒಂದೇ ಗೋಳವಾಗಿದ್ದರೆ ಅದರ ಮೇಲ್ಮೈ 373 ಚದರ ಸೆಂಟಿಮೀಟರ್ ಮಾತ್ರ. ತುಂಡು ಮಾಡಿದ್ದರಿಂದ ಮೇಲ್ಮೈ 39ರ ಘನಮೂಲದಷ್ಟು, ಅಂದರೆ 3.4 ಪಟ್ಟು ಹೆಚ್ಚಿತು. ಹೊದಿಕೆಯ ಬೆಣ್ಣೆಯ ಗಾತ್ರ ಸುಮಾರು 83 ಮಿಲಿಲೀಟರ್. ಸಮನಾಗಿ ಹರಡಿದರೆ ಪದರದ ದಪ್ಪ 0.66 ಮಿಲಿಮೀಟರ್. ಉಂಡೆಗಳು ಉಬ್ಬಿ ಎರಡರಷ್ಟಾದಾಗ ಮೇಲ್ಮೈ 1.6 ಪಟ್ಟಾಗಿ ಪದರ 0.4 ಮಿಲಿಮೀಟರಿಗೆ ತೆಳುವಾಗುತ್ತದೆ. ಒಂದಿಷ್ಟು ಕೆಳಗೆ ಇಳಿದುಹೋದರೂ ಅಣುಗಳ ಲೆಕ್ಕದಲ್ಲಿ ಇದು ದೊಡ್ಡ ಗೋಡೆಯೇ.

ಹಾಗಾದರೆ ಉಂಡೆಗಳು ಒಟ್ಟಿಗೆ ನಿಂತಿರುವುದು ಯಾವುದರಿಂದ? ಸಕ್ಕರೆ ಪಾಕದಿಂದ. ಸಕ್ಕರೆ ಕಣಕದ ತೇವವನ್ನು ಹೀರಿ ಕರಗುತ್ತದೆ, ಓವನ್ನಿನಲ್ಲಿ ಬೆಣ್ಣೆಯೊಂದಿಗೆ ಕುದಿದು ಪಾಕವಾಗುತ್ತದೆ, ಆರಿದಾಗ ಗಟ್ಟಿಯಾಗುತ್ತದೆ. ಗ್ಲುಟೆನ್ನಿನ ಬೆಸುಗೆಯನ್ನು ತಡೆದು ಪಾಕದ ಅಂಟನ್ನು ಇಟ್ಟಿದ್ದೇವೆ. ಈ ಅಂಟು ಬ್ರೆಡ್ಡನ್ನು ನಿಲ್ಲಿಸುವಷ್ಟು ಬಲವಾಗಿದೆ, ಬೆರಳಿಗೆ ಸೋಲುವಷ್ಟು ದುರ್ಬಲವೂ ಆಗಿದೆ.

ಓವನ್ನಿನಲ್ಲಿ ಎಷ್ಟು ಉಬ್ಬುತ್ತದೆ?

ಈಗ ಶಿಕ್ಷಕಿಯ ಪ್ರಶ್ನೆಗೆ ಬರೋಣ. ಗೋಡೆ ನೇರವಾಗಿರುವ ಪಾತ್ರೆಯಲ್ಲಿ ಓವನ್ನಿಗೆ ಇಡುವ ಮೊದಲು ಕಣಕದ ಎತ್ತರ ಅಳೆದೆ: 6 ಸೆಂಟಿಮೀಟರ್. ಬೆಂದ ಮೇಲೆ 7.8 ಸೆಂಟಿಮೀಟರ್. ಅಂದರೆ ಶೇಕಡ 30ರಷ್ಟು ಏರಿಕೆ.

ಚಾರ್ಲ್ಸ್ ನಿಯಮ ಏನು ಹೇಳುತ್ತದೆ? ಬ್ರೆಡ್ಡಿನ ಒಳರಚನೆ ಸುಮಾರು 70 ಡಿಗ್ರಿಯ ಹೊತ್ತಿಗೆ ಗಟ್ಟಿಯಾಗತೊಡಗುತ್ತದೆ; ಪಿಷ್ಟ ನೀರು ಹೀರಿ ಉಬ್ಬಿ, ಪ್ರೋಟೀನು ಬಿಗಿದುಕೊಳ್ಳುತ್ತದೆ. ಆಮೇಲೆ ಹಿಗ್ಗಲು ಎಡೆಯಿಲ್ಲ. ಆದ್ದರಿಂದ 30 ಡಿಗ್ರಿಯಿಂದ 70 ಡಿಗ್ರಿವರೆಗೆ ಲೆಕ್ಕ ಹಾಕೋಣ. ನಿರಪೇಕ್ಷ ಮಾನದಲ್ಲಿ 303 ಕೆಲ್ವಿನ್‌ನಿಂದ 343 ಕೆಲ್ವಿನ್. ಅನಿಲ ಹಿಗ್ಗುವುದು ಶೇಕಡ 13ರಷ್ಟು. ಎರಡರಷ್ಟು ಉಬ್ಬಿದ ಕಣಕದಲ್ಲಿ ಅರ್ಧ ಮಾತ್ರ ಅನಿಲ. ಹಾಗಾಗಿ ಇಡೀ ಬ್ರೆಡ್ಡಿನ ಏರಿಕೆ ಶೇಕಡ 6.6 ಮಾತ್ರ.

ಅಳತೆ 30, ಲೆಕ್ಕ 6.6! ಇಪ್ಪತ್ತೈದು ವರ್ಷ ನಾನು ಹೇಳಿದ ಉತ್ತರ ಸುಮಾರು ಐದನೆಯ ಒಂದು ಭಾಗದಷ್ಟು ಮಾತ್ರ ಸರಿ. ನಿಯಮ ತಪ್ಪಲ್ಲ, ಅನ್ವಯಿಸಿದ ನಾನು ಒಂದು ಮುಖ್ಯ ಪಾತ್ರಧಾರಿಯನ್ನು ಮರೆತಿದ್ದೆ. ಅದು ನೀರಿನ ಆವಿ.

ಕಣಕದ ಗುಳ್ಳೆಗಳ ಗೋಡೆ ಒದ್ದೆಯಾಗಿದೆ. ಆದ್ದರಿಂದ ಪ್ರತಿ ಗುಳ್ಳೆಯಲ್ಲೂ ಇಂಗಾಲದ ಡೈಆಕ್ಸೈಡಿನ ಜೊತೆಗೆ ನೀರಿನ ಸಂತೃಪ್ತ ಬಾಷ್ಪವಿರುತ್ತದೆ. 30 ಡಿಗ್ರಿಯಲ್ಲಿ ಸಂತೃಪ್ತ ಬಾಷ್ಪದ ಒತ್ತಡ 4.2 ಕಿಲೋಪಾಸ್ಕಲ್, 70 ಡಿಗ್ರಿಯಲ್ಲಿ 31.2 ಕಿಲೋಪಾಸ್ಕಲ್. ಗುಳ್ಳೆಯೊಳಗಿನ ಒಟ್ಟು ಒತ್ತಡ ಹೊರಗಿನ ವಾಯುಭಾರಕ್ಕೆ ಹೆಚ್ಚು ಕಡಿಮೆ ಸಮ, ಎಂದರೆ 91. ಡಾಲ್ಟನ್ನನ ಆಂಶಿಕ ಒತ್ತಡಗಳ ನಿಯಮದಂತೆ ಇಂಗಾಲದ ಡೈಆಕ್ಸೈಡಿನ ಪಾಲಿಗೆ ಉಳಿಯುವುದು ಮೊದಲು 86.8, ಕೊನೆಗೆ 59.8 ಕಿಲೋಪಾಸ್ಕಲ್. ತನ್ನ ಪಾಲಿನ ಒತ್ತಡ ಇಳಿದಷ್ಟೂ ಅದು ಹೆಚ್ಚು ಜಾಗ ಹಿಡಿಯಬೇಕು.

ಗಾತ್ರವು ನಿರಪೇಕ್ಷ ಉಷ್ಣತೆಗೆ ನೇರ ಅನುಪಾತದಲ್ಲಿಯೂ ಆಂಶಿಕ ಒತ್ತಡಕ್ಕೆ ವಿಲೋಮ ಅನುಪಾತದಲ್ಲಿಯೂ ಇರುತ್ತದೆ. ಮೊದಲು 303 ಭಾಗಿಸು 86.8, ಅಂದರೆ 3.49. ಕೊನೆಗೆ 343 ಭಾಗಿಸು 59.8, ಅಂದರೆ 5.74. ಅನುಪಾತ 1.64. ಅನಿಲದ ಏರಿಕೆ ಶೇಕಡ 13 ಅಲ್ಲ, 64! ಕಣಕದಲ್ಲಿ ಅರ್ಧ ಅನಿಲವಿರುವುದರಿಂದ ಬ್ರೆಡ್ಡಿನ ಏರಿಕೆ ಶೇಕಡ 32. ಅಳತೆಗೆ ಇದು ಹತ್ತಿರ.

ಈ ಹೊಂದಾಣಿಕೆಯನ್ನು ಅತಿಯಾಗಿ ನಂಬಬಾರದು. ನಾವು ಲೆಕ್ಕಕ್ಕೆ ಹಿಡಿಯದ ಬೇರೆ ಸಂಗತಿಗಳೂ ಇವೆ. ಬಿಸಿಯಾದಂತೆ ನೀರಿನಲ್ಲಿ ಕರಗಿದ್ದ ಇಂಗಾಲದ ಡೈಆಕ್ಸೈಡ್ ಹೊರಬರುತ್ತದೆ. ಸುಮಾರು 50 ಡಿಗ್ರಿ ದಾಟಿ ಸಾಯುವ ಮೊದಲು ಯೀಸ್ಟ್ ಕೊನೆಯ ಬಾರಿ ಚುರುಕಾಗುತ್ತದೆ. ಎಥನಾಲ್ ಆವಿಯಾಗುತ್ತದೆ. ಇವೆಲ್ಲ ಏರಿಕೆಯನ್ನು ಹೆಚ್ಚಿಸುತ್ತವೆ. ಇನ್ನೊಂದು ಕಡೆ ಗುಳ್ಳೆಗಳು ಒಡೆದು ಅನಿಲ ಸೋರುತ್ತದೆ. ಹೊರಮೈ ಬೇಗ ಗಟ್ಟಿಯಾಗಿ ಒಳಗಿನದನ್ನು ತಡೆಯುತ್ತದೆ. ಆದರೂ ಯಾವುದು ಮುಖ್ಯ ಪಾತ್ರ, ಯಾವುದು ಉಪಪಾತ್ರ ಎಂಬುದು ಸ್ಪಷ್ಟವಾಯಿತು.

ಮಂಗಳೂರಿನಲ್ಲಿ ವಾಯುಭಾರ 101 ಕಿಲೋಪಾಸ್ಕಲ್. ಅಲ್ಲಿ ಅನಿಲದ ಏರಿಕೆ ಶೇಕಡ 57. ಬೆಟ್ಟದ ಊರಾದ ಮಡಿಕೇರಿಯಲ್ಲಿ ವಾಯುಭಾರ ಸುಮಾರು 88; ಏರಿಕೆ ಶೇಕಡ 67. ಎತ್ತರ ಹೆಚ್ಚಿದಂತೆ ಬ್ರೆಡ್ ಹೆಚ್ಚು ಉಬ್ಬಿ ಕುಸಿಯುವ ಸಂಭವವಿರುತ್ತದೆ. ಆದ್ದರಿಂದ ಎತ್ತರದ ಊರುಗಳವರು ಎರಡನೆಯ ಸಲ ಉಬ್ಬಿಸುವ ಅವಧಿಯನ್ನು ಸ್ವಲ್ಪ ಕಡಿಮೆ ಮಾಡುವುದು ಲೇಸು.

ನಡುವಣ ಉಂಡೆ

ನನ್ನ ಎರಡನೆಯ ಬ್ರೆಡ್ ಚೆನ್ನಾಗಿ ಉಬ್ಬಿತು, ಮೇಲೆ ಹೊಂಬಣ್ಣ ಬಂದಿತು, ಆದರೆ ನಡುವಣ ಉಂಡೆಗಳು ಹಸಿ. ಕೊಳವೆಯಿಲ್ಲದ, 16 ಸೆಂಟಿಮೀಟರ್ ಅಗಲದ ಆಳವಾದ ಪಾತ್ರೆ ಬಳಸಿದ್ದೆ.

ವಹನದ ಮೂಲಕ ಬಿಸಿ ಒಳಗೆ ತಲುಪಲು ಬೇಕಾಗುವ ಕಾಲ ದೂರದ ವರ್ಗಕ್ಕೆ ಅನುಪಾತದಲ್ಲಿರುತ್ತದೆ. ಆ ಪಾತ್ರೆಯಲ್ಲಿ ನಡುವಿಗೂ ಹೊರಮೈಗೂ ಅಂತರ ಸುಮಾರು 5.5 ಸೆಂಟಿಮೀಟರ್ ಇತ್ತು. ಕೊಳವೆಯಿರುವ ಪಾತ್ರೆಯಲ್ಲಿ ಉಂಗುರದ ಅಗಲ 7 ಸೆಂಟಿಮೀಟರ್. ನಡುವಿನ ದೂರ 3.5. ಎರಡರ ವರ್ಗಗಳ ಅನುಪಾತ ಸುಮಾರು 2.5. ಕೊಳವೆಯಿರುವ ಪಾತ್ರೆಯಲ್ಲಿ 40 ನಿಮಿಷಕ್ಕೆ ಬೇಯುವ ಬ್ರೆಡ್ಡಿಗೆ ಅದರಲ್ಲಿ ಒಂದೂವರೆ ಗಂಟೆಗೂ ಹೆಚ್ಚು ಬೇಕು. ಅಷ್ಟರಲ್ಲಿ ಹೊರಗೆ ಇದ್ದಿಲು. ಕೊಳವೆಯ ಪಾತ್ರೆ ಇಲ್ಲದವರು ಅಗಲವಾದ ದುಂಡು ಪಾತ್ರೆಯ ನಡುವೆ ಬೆಣ್ಣೆ ಸವರಿದ ಸ್ಟೀಲ್ ಲೋಟ ನಿಲ್ಲಿಸಿ, ಸುತ್ತಲೂ ಉಂಡೆ ಜೋಡಿಸಬಹುದು.

ವಾಸ್ತವವಾಗಿ ಕೇವಲ ವಹನವನ್ನು ನಂಬಿದ್ದರೆ ಕೊಳವೆಯ ಪಾತ್ರೆಯೂ 40 ನಿಮಿಷದಲ್ಲಿ ಸಾಲುತ್ತಿರಲಿಲ್ಲ. ಗುಳ್ಳೆಗಳಿಂದ ತುಂಬಿದ ಕಣಕ ಒಳ್ಳೆಯ ಉಷ್ಣ ನಿರೋಧಕ. ಇಲ್ಲಿಯೂ ಸಹಾಯಕ್ಕೆ ಬರುವುದು ನೀರಿನ ಆವಿ. ಗುಳ್ಳೆಯ ಬಿಸಿ ಬದಿಯಲ್ಲಿ ನೀರು ಆವಿಯಾಗುತ್ತದೆ, ತಣ್ಣನೆಯ ಬದಿಗೆ ಹೋಗಿ ಸಾಂದ್ರೀಕರಿಸುತ್ತದೆ. ಹಾಗೆ ಮಾಡುವಾಗ ತನ್ನ ಗುಪ್ತೋಷ್ಣವನ್ನು, ಗ್ರಾಮಿಗೆ ಸುಮಾರು 2,260 ಜೂಲ್‌ಗಳನ್ನು, ಆಚೆ ಬದಿಗೆ ದಾಟಿಸುತ್ತದೆ. ಗುಳ್ಳೆಯಿಂದ ಗುಳ್ಳೆಗೆ ಹೀಗೆ ಕೈಯಿಂದ ಕೈಗೆ ಬಿಂದಿಗೆ ದಾಟಿಸಿದಂತೆ ಬಿಸಿ ಒಳಕ್ಕೆ ಸಾಗುತ್ತದೆ.

ಬೆಂದಿದೆಯೇ ಎಂದು ತಿಳಿಯಲು ಮೇಲಿನ ಬಣ್ಣ ಸಾಲದು. ಅಡುಗೆಯ ಥರ್ಮಾಮೀಟರಿನ ಮೊನೆಯನ್ನು ನಡುವಿನ ಉಂಡೆಗೆ ಚುಚ್ಚಿ. 90ರಿಂದ 93 ಡಿಗ್ರಿ ತೋರಿದರೆ ಬೆಂದಿದೆ. ಬೆಂಗಳೂರಿನಲ್ಲಿ ನೀರು ಸುಮಾರು 97 ಡಿಗ್ರಿಗೇ ಕುದಿಯುವುದರಿಂದ ಬ್ರೆಡ್ಡಿನ ಒಳಗೆ 100 ಡಿಗ್ರಿಯನ್ನು ನಿರೀಕ್ಷಿಸಬೇಡಿ. ಪ್ರಯೋಗಾಲಯದ ಪಾದರಸದ ಥರ್ಮಾಮೀಟರನ್ನು ಯಾವ ಕಾರಣಕ್ಕೂ ತಿನ್ನುವ ಪದಾರ್ಥಕ್ಕೆ ಬಳಸಬಾರದು.

ಬೀದಿಯವರೆಗೆ ಬರುವ ಪರಿಮಳ

ಸಿನ್ನಮಾಲ್ಡಿಹೈಡಿನ ಕುದಿಬಿಂದು ಸುಮಾರು 250 ಡಿಗ್ರಿ. ಉಂಡೆಗಳ ನಡುವಿನ ತೇವದ ಹೊದಿಕೆ ಅಷ್ಟು ಬಿಸಿಯಾಗುವುದೇ ಇಲ್ಲ. ಆದರೂ ಪರಿಮಳ ಮನೆಯೆಲ್ಲ ತುಂಬುವುದೇಕೆ? ಕುದಿಯದಿದ್ದರೂ ಪ್ರತಿ ದ್ರವಕ್ಕೂ ಒಂದಿಷ್ಟು ಬಾಷ್ಪ ಒತ್ತಡವಿರುತ್ತದೆ. ಬ್ರೆಡ್ಡಿನಿಂದ ಹೊರಡುವ ನೀರಿನ ಆವಿ ಆ ಅಲ್ಪ ಬಾಷ್ಪವನ್ನು ತನ್ನೊಂದಿಗೆ ಹೊತ್ತೊಯ್ಯುತ್ತದೆ. ದಾಲ್ಚಿನ್ನಿ ಎಣ್ಣೆ, ನೀಲಗಿರಿ ಎಣ್ಣೆಗಳನ್ನು ತೆಗೆಯುವ ಹಬೆ ಆಸವನದ ತತ್ತ್ವವೂ ಇದೇ. ಇದರ ಜೊತೆಗೆ, ಒಣಗಿದ ಹೊರಮೈಯಲ್ಲಿ ಸುಮಾರು 140 ಡಿಗ್ರಿ ದಾಟಿದ ಕಡೆ ಸಕ್ಕರೆ ಮತ್ತು ಅಮೈನೊ ಆಮ್ಲಗಳ ನಡುವೆ ಚುರುಕಾಗುವ ಕ್ರಿಯೆಯಿಂದ ಕಂದು ಬಣ್ಣವೂ ಸುವಾಸನೆಯೂ ಬರುತ್ತವೆ. 1912ರಲ್ಲಿ ಇದನ್ನು ವಿವರಿಸಿದ ಫ್ರೆಂಚ್ ವಿಜ್ಞಾನಿಯ ಹೆಸರಿನಿಂದ ಇದಕ್ಕೆ ಮಯ್ಯಾರ್ ಕ್ರಿಯೆ ಎನ್ನುತ್ತಾರೆ.

ಬೋರಲು ಹಾಕುವ ಹೊತ್ತು

ಓವನ್ನಿನಿಂದ ತೆಗೆದ ಕೂಡಲೇ ಪಾತ್ರೆಯನ್ನು ತಟ್ಟೆಗೆ ಬೋರಲು ಹಾಕಿದರೆ ಪಾಕ ನೀರಿನಂತೆ ಹರಿದು ಉಂಡೆಗಳು ಚದರುತ್ತವೆ. ಕೈ ಸುಡುವ ಅಪಾಯವೂ ಇದೆ. ಅರ್ಧ ಗಂಟೆ ಬಿಟ್ಟರೆ ಪಾಕ ಗಟ್ಟಿಯಾಗಿ ಬ್ರೆಡ್ ಪಾತ್ರೆಗೇ ಕಚ್ಚಿಕೊಳ್ಳುತ್ತದೆ. ಉಷ್ಣತೆ ಇಳಿದಂತೆ ಸಕ್ಕರೆ ಪಾಕದ ಸ್ನಿಗ್ಧತೆ ಬಹು ವೇಗವಾಗಿ ಏರುತ್ತದೆ. ಐದರಿಂದ ಹತ್ತು ನಿಮಿಷದ ನಡುವಣ ಹೊತ್ತೇ ಸರಿ. ಒಂದೆಳೆ, ಎರಡೆಳೆ ಪಾಕ ನೋಡುವ ನಮ್ಮ ಹಿರಿಯರು ಬೆರಳಿನಲ್ಲಿ ಅಳೆಯುತ್ತಿದ್ದುದು ಈ ಸ್ನಿಗ್ಧತೆಯನ್ನೇ.

ಒಂದು ಎಚ್ಚರಿಕೆ

ಅಂಗಡಿಯಲ್ಲಿ ಚಕ್ಕೆ ಎಂದು ಸಿಗುವುದು ಬಹುಮಟ್ಟಿಗೆ ಕ್ಯಾಸಿಯಾ. ದಪ್ಪ, ಗಡಸು, ಒಂದೇ ಪದರದ ತೊಗಟೆ. ನಿಜ ದಾಲ್ಚಿನ್ನಿ ಶ್ರೀಲಂಕಾದ ಮರದ್ದು. ಕಾಗದದಂತಹ ತೆಳು ಪದರಗಳ ಸುರುಳಿ, ಬೆರಳಿನಿಂದ ಮುರಿಯುತ್ತದೆ. ಕ್ಯಾಸಿಯಾದಲ್ಲಿ ಕೂಮರಿನ್ ಎಂಬ ವಸ್ತು ಗ್ರಾಮಿಗೆ ಕೆಲವು ಮಿಲಿಗ್ರಾಂಗಳಷ್ಟು ಇರಬಹುದು. ನಿಜ ದಾಲ್ಚಿನ್ನಿಯಲ್ಲಿ ಅತ್ಯಲ್ಪ. ಅತಿಯಾದ ಕೂಮರಿನ್ ಕೆಲವರ ಯಕೃತ್ತಿಗೆ ಹಾನಿಕರ. ಯುರೋಪಿನ ಆಹಾರ ಸುರಕ್ಷತಾ ಸಂಸ್ಥೆ ನಿಗದಿ ಮಾಡಿದ ದೈನಿಕ ಮಿತಿ ದೇಹತೂಕದ ಕಿಲೋಗ್ರಾಮಿಗೆ 0.1 ಮಿಲಿಗ್ರಾಂ.

ಗ್ರಾಮಿಗೆ 3 ಮಿಲಿಗ್ರಾಂ ಎಂದು ಹಿಡಿದರೆ ನಮ್ಮ ಬ್ರೆಡ್ಡಿನಲ್ಲಿ 30 ಮಿಲಿಗ್ರಾಂ ಇದೆ. ಎಂಟನೆಯ ಒಂದು ಪಾಲು ತಿಂದವರಿಗೆ ಸುಮಾರು 4 ಮಿಲಿಗ್ರಾಂ. 60 ಕಿಲೋಗ್ರಾಂ ತೂಕದ ಹಿರಿಯರಿಗೆ ಮಿತಿ 6, ಆತಂಕವಿಲ್ಲ. 20 ಕಿಲೋಗ್ರಾಂ ತೂಕದ ಮಗುವಿಗೆ ಮಿತಿ 2. ಅದೇ ಪಾಲು ಮಿತಿ ಮೀರುತ್ತದೆ. ಈ ಮಿತಿ ಜೀವನಪರ್ಯಂತ ದಿನವೂ ಸೇವಿಸುವ ಲೆಕ್ಕದ್ದು. ಹಬ್ಬಕ್ಕೊಮ್ಮೆ ತಿಂದರೆ ಹೆದರಬೇಕಿಲ್ಲ. ವಾರವಾರವೂ ಮಕ್ಕಳಿಗೆ ಮಾಡಿಕೊಡುವವರು ನಿಜ ದಾಲ್ಚಿನ್ನಿಯನ್ನೇ ಕೊಳ್ಳುವುದು ಒಳಿತು.

ಮಾಡಿ ನೋಡಿ

1. 50 ಗ್ರಾಮಿನ ಮೂರು ಕಣಕಗಳನ್ನು ತಯಾರಿಸಿ: ಸಾದಾ, 10 ಗ್ರಾಂ ಸಕ್ಕರೆ ಸೇರಿಸಿದ್ದು, 1 ಗ್ರಾಂ ದಾಲ್ಚಿನ್ನಿ ಸೇರಿಸಿದ್ದು. ಹಿಟ್ಟು, ನೀರು, ಯೀಸ್ಟ್ ಮೂರಕ್ಕೂ ಸಮನಾಗಿರಲಿ. ಮೂರು ಅಳತೆ ಜಾಡಿಗಳಲ್ಲಿಟ್ಟು ಹತ್ತು ನಿಮಿಷಕ್ಕೊಮ್ಮೆ ಎತ್ತರ ಗುರುತಿಸಿ, ನಕ್ಷೆ ಬರೆಯಿರಿ. ಪ್ರಯೋಗಾಲಯದ ಜಾಡಿಯಲ್ಲಿಟ್ಟ ಕಣಕವನ್ನು ತಿನ್ನಬೇಡಿ.

2. ಎರಡು ಜೊತೆ ಉಂಡೆಗಳನ್ನು ಬೇಯಿಸಿ; ಒಂದು ಜೊತೆಯ ನಡುವೆ ಬೆಣ್ಣೆ ಸವರಿ, ಇನ್ನೊಂದಕ್ಕೆ ಬೇಡ. ಸ್ಪ್ರಿಂಗ್ ತ್ರಾಸಿನಿಂದ ಎಳೆದು, ಬೇರ್ಪಡಲು ಬೇಕಾದ ಬಲವನ್ನು ಹೋಲಿಸಿ.

3. ನಿಮ್ಮ ಊರಿನ ವಾಯುಭಾರವನ್ನು ತಿಳಿದು, ಮೇಲಿನಂತೆ ಅನಿಲದ ಏರಿಕೆಯ ಅನುಪಾತವನ್ನು ಕಂಡುಹಿಡಿಯಿರಿ. ನಂತರ ಬ್ರೆಡ್ ಮಾಡಿ ಅಳೆಯಿರಿ.

ಮರು ವರ್ಷದ ಶಿಬಿರಕ್ಕೆ ಹೋಗುವಾಗ ನಾನು ಒಂದು ಬ್ರೆಡ್ಡನ್ನೂ ಒಂದು ಹಾಳೆ ಲೆಕ್ಕವನ್ನೂ ಒಯ್ದೆ. ಪ್ರಶ್ನೆ ಕೇಳಿದ ಶಿಕ್ಷಕಿ ಹಾಳೆಯನ್ನು ಮೊದಲು ಓದಿದರು, ಉಂಡೆಯನ್ನು ಆಮೇಲೆ ಬಿಡಿಸಿಕೊಂಡರು. “ಸರ್, ಎಥನಾಲಿನ ಆವಿಯನ್ನು ಲೆಕ್ಕಕ್ಕೆ ಸೇರಿಸಿಲ್ಲವಲ್ಲ?” ಎಂದರು. ಈ ಸಲ ನನಗೆ ಬೇಸರವಾಗಲಿಲ್ಲ. ಏಕೆ ಎಂಬ ಪ್ರಶ್ನೆಗೆ ನಿಯಮದ ಹೆಸರು ಹೇಳಿ ಸುಮ್ಮನಾಗುವುದು ಸುಲಭ. ಎಷ್ಟು ಎಂಬ ಪ್ರಶ್ನೆಯನ್ನು ನಿಮ್ಮ ತರಗತಿಯಲ್ಲಿ ಮಗುವೊಂದು ಕೇಳಿದರೆ ಅದನ್ನು ಕೂರಿಸಬೇಡಿ. ಜೊತೆಗೆ ಕೂತು ಲೆಕ್ಕ ಹಾಕಿ.